ಬಿ. ಎಸ್. ಚಂದ್ರಶೇಖರರ ಬಲಗೈ

ಕ್ರಿಕೆಟ್ ಆಟವನ್ನು ಅರಿಯದ ಬಾಲಕನು ಇಂದು ನಮ್ಮ ವಯನಾಡಿನಲ್ಲಿ ದೊರೆಯುವುದು ಕಷ್ಟ. ಗದ್ದೆಯ ಕೊಯಿಲು ಮುಗಿದೊಡನೆ ಕೂಳೆಯ ನಡುವೆಯೇ ಮೂರು ಕೋಲುಗಳನ್ನು ನೆಟ್ಟು, ತೆಂಗಿನ ಮಟ್ಟೆಯನ್ನು ದಾಂಡಾಗಿ ಹಿಡಿದು ಆಡುವ ಮಕ್ಕಳನ್ನು ಊರೂರಿನಲ್ಲಿಯೂ ಕಾಣುತ್ತೇವೆ. ಮೀನಂಗಾಡಿಯ ಸಮೀಪದ ಕೃಷ್ಣಗಿರಿಯ ಕ್ರೀಡಾಂಗಣದಲ್ಲಿ 2019ರ ಜನವರಿಯಲ್ಲಿ ಕೇರಳ ತಂಡವು ತನ್ನ ಮೊತ್ತಮೊದಲ ರಣಜಿ ಟ್ರೋಫಿ ಉಪಾಂತ್ಯ ಪಂದ್ಯವನ್ನಾಡಿತು. 2023ರ ಜುಲೈಯಲ್ಲಿ ಮಾನಂತವಾಡಿ ಕಡೆಯ ಮಿನ್ನು ಮಣಿಯವರು ಭಾರತದ ಮಹಿಳಾ ತಂಡದಲ್ಲಿ ಸ್ಥಾನ ಪಡೆದು ಈ ಬೆಟ್ಟದ ನಾಡಿಗೆ ಹೆಸರು ತಂದರು. ಆದುದರಿಂದ ಕ್ರಿಕೆಟ್ಟಿನ ವಿಷಯವಾಗಿ ಬರೆಯುವಾಗ, ಆ ಆಟವೆಂದರೇನೆಂದು ವಿವರಿಸುವ ಶ್ರಮವು ನಮಗಿಲ್ಲ.

ಆದರೆ ಆಟದ ಬಯಲಿನಲ್ಲಿ ಆಡುವವರನ್ನು ಮಾತ್ರ ನೋಡಿದರೆ ಸಾಲದು. ಅದರ ಅಂಚಿನಲ್ಲಿ ಕುಳಿತವರನ್ನೂ ನೋಡಬೇಕು. ಯಾವ ಶಾಲೆಯ ಮೈದಾನಕ್ಕೆ ಹೋದರೂ ಅಲ್ಲಿ ಒಬ್ಬಿಬ್ಬರು ಮಕ್ಕಳು ಬದಿಯಲ್ಲಿ ಕುಳಿತಿರುವುದುಂಟು. ಒಬ್ಬನ ಕಾಲು ಕುಂಟು, ಇನ್ನೊಬ್ಬಳ ಕೈಗೆ ಬಲ ಸಾಲದು, ಮತ್ತೊಬ್ಬನಿಗೆ ದೃಷ್ಟಿ ಮಂದ. ರನ್ನುಗಳ ಲೆಕ್ಕವಿಡುವುದು, ಆಡುವವರ ಅಂಗಿ ಚಪ್ಪಲಿಗಳನ್ನು ಕಾಯುವುದು, ಇವೇ ಅವರಿಗೆ ದೊರೆಯುವ ಕೆಲಸಗಳು. ದಯೆಯಿಂದಲೇ ನಾವು ಅವರನ್ನು ಹಾಗೆ ಕೂರಿಸುತ್ತೇವೆ. ಆದರೆ ಆ ದಯೆಯು ಆ ಮಕ್ಕಳಿಗೆ ಹಿತವೆ, ಅಹಿತವೆ? ಈ ಪ್ರಶ್ನೆಯನ್ನು ಮನಸ್ಸಿನಲ್ಲಿಟ್ಟುಕೊಂಡು, ಸೋತ ಕೈಯಿಂದಲೇ ಚೆಂಡೆಸೆದು ಲೋಕಪ್ರಸಿದ್ಧರಾದ ಕನ್ನಡಿಗರೊಬ್ಬರ ಜೀವನವನ್ನು ನಮ್ಮ ವಿದ್ಯಾರ್ಥಿಗಳಿಗೂ ಅವರ ತಂದೆತಾಯಿಗಳಿಗೂ ಇಲ್ಲಿ ಪರಿಚಯಿಸಬಯಸುತ್ತೇವೆ.

ಸುಲ್ತಾನ್ ಬತ್ತೇರಿಯಿಂದ ಮುತ್ತಂಗದ ಕಾಡನ್ನು ಹಾದು, ಗುಂಡ್ಲುಪೇಟೆ ನಂಜನಗೂಡುಗಳ ಮಾರ್ಗವಾಗಿ ಹೋದರೆ ಮೈಸೂರು ಸಿಗುವುದೆಂಬುದು ನಮ್ಮಲ್ಲಿ ಎಲ್ಲರಿಗೂ ತಿಳಿದದ್ದೇ. ಆ ಮೈಸೂರಿನಲ್ಲಿ 1945ನೆಯ ಇಸವಿ ಮೇ 17ರಂದು ಭಾಗವತ್ ಸುಬ್ರಹ್ಮಣ್ಯ ಚಂದ್ರಶೇಖರ್ ಅವರು ಜನಿಸಿದರು. ಅವರ ಮೊದಲ ವಿದ್ಯಾಭ್ಯಾಸವೂ ಅಲ್ಲಿಯೇ ನಡೆಯಿತು. ಸುಮಾರು ಆರು ವರ್ಷ ವಯಸ್ಸಿನಲ್ಲಿ ಬಾಲಕನು ಪೋಲಿಯೋ ರೋಗಕ್ಕೆ ತುತ್ತಾದನು. ಜೀವಕ್ಕೆ ಅಪಾಯವಾಗಲಿಲ್ಲ, ಆದರೆ ಬಲಗೈ ಸೊರಗಿ ಸಣ್ಣದಾಯಿತು.

ಈ ರೋಗದ ವಿಷಯವಾಗಿ ಎರಡು ಮಾತು ಹೇಳುವುದು ಅವಶ್ಯಕ. ಇಂದಿನ ಮಕ್ಕಳು ಪೋಲಿಯೋ ಎಂಬ ಹೆಸರನ್ನು ಬಾಯಿಗೆ ಹಾಕುವ ಎರಡು ಹನಿಗಳಿಂದ ಬಲ್ಲರೇ ಹೊರತು ರೋಗವನ್ನು ಕಂಡವರಲ್ಲ. ಪೋಲಿಯೋ ಒಂದು ವೈರಸ್ಸಿನಿಂದ ಬರುತ್ತದೆ. ಹೊಲಸು ಬೆರೆತ ನೀರು ಆಹಾರಗಳ ಮೂಲಕ ಬಾಯಿಯಿಂದ ಒಳಹೊಕ್ಕು ಅದು ಕರುಳಿನಲ್ಲಿ ವೃದ್ಧಿಯಾಗುತ್ತದೆ. ಸೋಂಕು ತಗುಲಿದ ಬಹುಮಂದಿಗೆ ಏನೂ ಆಗದು. ಸುಮಾರು ಇನ್ನೂರರಲ್ಲಿ ಒಬ್ಬರಿಗೆ ಮಾತ್ರ ಅದು ಬೆನ್ನುಹುರಿಗೆ ಏರಿ, ಸ್ನಾಯುಗಳಿಗೆ ಆಜ್ಞೆ ಕೊಂಡೊಯ್ಯುವ ನರಕೋಶಗಳನ್ನು ನಾಶಮಾಡುತ್ತದೆ. ಆಜ್ಞೆ ಬಾರದ ಸ್ನಾಯುವು ಕೆಲಸವಿಲ್ಲದೆ ಸೊರಗುತ್ತದೆ. ಸತ್ತ ನರಕೋಶವು ಮತ್ತೆ ಹುಟ್ಟುವುದಿಲ್ಲ. ಉಳಿದ ಕೋಶಗಳೇ ತಮ್ಮಿಂದಾದಷ್ಟು ಭಾರವನ್ನು ಹೊರಬೇಕಾಗುತ್ತದೆ. ಅಮೆರಿಕದ ವೈದ್ಯ ಜೋನಸ್ ಸಾಕ್ ಅವರ ಲಸಿಕೆಯು ಫಲಕಾರಿಯೆಂದು ಪ್ರಕಟವಾದದ್ದು 1955ರಲ್ಲಿ. ಮೈಸೂರಿನ ಈ ಬಾಲಕನು ರೋಗಕ್ಕೆ ಒಳಗಾದಾಗ ಪ್ರಪಂಚದ ಯಾವ ಶ್ರೀಮಂತನಿಗೂ ಆ ರಕ್ಷಣೆಯು ದೊರೆಯುವಂತಿರಲಿಲ್ಲ.

ಹತ್ತು ವರ್ಷ ವಯಸ್ಸಿನ ಹೊತ್ತಿಗೆ ಕೈಯಲ್ಲಿ ಒಂದಿಷ್ಟು ಚೇತನ ಮರಳಿತು. ಅಷ್ಟರಲ್ಲಿ ಕುಟುಂಬವು ಬೆಂಗಳೂರಿಗೆ ಬಂದು ನೆಲಸಿತ್ತು. ಅಲ್ಲಿಯ ಬೀದಿಗಳಲ್ಲಿ ರಬ್ಬರ್ ಚೆಂಡಿನಿಂದ ಆಡುವ ಹುಡುಗರ ಗುಂಪಿನಲ್ಲಿ ಚಂದ್ರಶೇಖರರೂ ಸೇರಿದರು. ಮುಂದೆ ಚರ್ಮದ ಚೆಂಡಿನಿಂದ ಆಡುವ ಆಸೆಯಿಂದ ‘ಸಿಟಿ ಕ್ರಿಕೆಟರ್ಸ್’ ಎಂಬ ಸಂಘವನ್ನು ಸೇರಿದರು. ಅಲ್ಲಿ ವೇಗದ ಎಸೆತವೂ ಸೇರಿದಂತೆ ಬಗೆಬಗೆಯ ಎಸೆತಗಳನ್ನು ಪ್ರಯತ್ನಿಸಿ ನೋಡಿದರು. ಆಸ್ಟ್ರೇಲಿಯದ ಸ್ಪಿನ್ ಬೌಲರ್ ರಿಚಿ ಬೆನೋ ಅವರ ಆಟವು ಅವರ ಮನಸ್ಸನ್ನು ಸೆಳೆದಿತ್ತು. ಕೊನೆಗೆ 1963ರ ಸುಮಾರಿಗೆ ಲೆಗ್ ಸ್ಪಿನ್ ತಮ್ಮ ಮಾರ್ಗವೆಂದು ನಿಶ್ಚಯಿಸಿಕೊಂಡರು.

ಇಲ್ಲಿ ಒಂದು ಸಂಗತಿಯನ್ನು ಗಮನಿಸಬೇಕು. ಬೌಂಡರಿಯ ಬಳಿಯಿಂದ ಚೆಂಡನ್ನು ಹಿಂದಿರುಗಿಸಬೇಕಾದಾಗ ಚಂದ್ರಶೇಖರರು ಎಡಗೈಯನ್ನೇ ಬಳಸುತ್ತಿದ್ದರು. ಬೌಲ್ ಮಾಡುವಾಗ ಮಾತ್ರ ಬಲಗೈ. ಅಂದರೆ ಸೋತ ಕೈಯನ್ನು ಅವರು ಎಲ್ಲ ಕೆಲಸಕ್ಕೂ ಹಟದಿಂದ ದುಡಿಸಲಿಲ್ಲ. ಯಾವ ಕೆಲಸಕ್ಕೆ ಯಾವ ಕೈ ಒದಗುವುದೆಂಬುದನ್ನು ಆಡುತ್ತಾಡುತ್ತ ತಾವೇ ಕಂಡುಕೊಂಡರು. ಎಡಗೈ ಬಲವಾಗಿರುವಾಗ ಅದರಿಂದಲೇ ಬೌಲ್ ಮಾಡೆಂದು ಬುದ್ಧಿ ಹೇಳುವುದು ಹಿರಿಯರಿಗೆ ಸಹಜವಾಗಿ ತೋರುವ ಮಾತು. ಆ ಮಾತಿನಂತೆ ನಡೆದಿದ್ದರೆ ಮುಂದಿನ ಕಥೆಯೇ ಇರುತ್ತಿರಲಿಲ್ಲ.

ಲೆಗ್ ಸ್ಪಿನ್ ಎಂದರೇನು? ಬುಗುರಿಗೆ ಚಾಟಿ ಸುತ್ತಿ ಬಿಟ್ಟಾಗ ಅದು ತಿರುಗುತ್ತ ನೆಲಕ್ಕೆ ಬಿದ್ದು ಒಂದು ಕಡೆಗೆ ಸರಿಯುವುದನ್ನು ಮಕ್ಕಳು ಕಂಡಿರುವರಷ್ಟೆ. ಸ್ಪಿನ್ ಎಸೆತದ ತತ್ವವೂ ಅದೇ. ತಿರುಗುತ್ತ ಹೋದ ಚೆಂಡು ನೆಲವನ್ನು ಮುಟ್ಟಿದೊಡನೆ ಪಕ್ಕಕ್ಕೆ ಹೊರಳುತ್ತದೆ. ಬಲಗೈ ಬೌಲರನು ಮಣಿಕಟ್ಟನ್ನೂ ಬೆರಳುಗಳನ್ನೂ ತಿರುಚಿ ಎಸೆದ ಚೆಂಡು ಬಲಗೈ ದಾಂಡಿಗನ ಕಾಲಿನ ಕಡೆಯಿಂದ ಹೊರಕ್ಕೆ ಹೊರಳಿದರೆ ಅದು ‘ಲೆಗ್ ಬ್ರೇಕ್’. ಅದೇ ಕ್ರಿಯೆಯಂತೆ ಕಂಡರೂ ಮಣಿಕಟ್ಟನ್ನು ಇನ್ನಷ್ಟು ತಿರುಗಿಸಿ, ಅಂಗೈಯ ಹಿಂಬದಿಯಿಂದ ಚೆಂಡು ಹೊರಡುವಂತೆ ಮಾಡಿದರೆ ಅದು ವಿರುದ್ಧ ದಿಕ್ಕಿಗೆ, ದಾಂಡಿಗನ ಕಡೆಗೇ ಹೊರಳುತ್ತದೆ; ಇದಕ್ಕೆ ‘ಗೂಗ್ಲಿ’ ಎಂದು ಹೆಸರು. ಎರಡನ್ನೂ ಬೇರೆಬೇರೆಯೆಂದು ಗುರುತಿಸಲಾಗದಂತೆ ಎಸೆಯುವುದರಲ್ಲಿದೆ ಬೌಲರನ ಜಾಣ್ಮೆ.

ಸಾಮಾನ್ಯವಾಗಿ ಲೆಗ್ ಸ್ಪಿನ್ ಬೌಲರರು ಚೆಂಡನ್ನು ನಿಧಾನವಾಗಿ ಗಾಳಿಯಲ್ಲಿ ತೇಲಿಸಿ ಎಸೆಯುತ್ತಾರೆ. ಅದು ಬಂದು ತಲಪುವಷ್ಟರಲ್ಲಿ ಜಾಣ ದಾಂಡಿಗನು ಅದರ ಗುಣವನ್ನು ಅರಿತುಕೊಳ್ಳಲು ಸಮಯ ದೊರೆಯುತ್ತದೆ. ಚಂದ್ರಶೇಖರರಾದರೋ ದೂರದಿಂದ ಓಡಿಬಂದು ಮಧ್ಯಮ ವೇಗದ ಬೌಲರರಂತೆ ಚೆಂಡನ್ನು ರಭಸದಿಂದ ಎಸೆಯುತ್ತಿದ್ದರು. ಗೂಗ್ಲಿಯು ಇತರರಿಗೆ ಅಪರೂಪದ ಅಸ್ತ್ರ. ಇವರಿಗೆ ನಿತ್ಯದ ಎಸೆತ. ಅದರ ನಡುವೆ ಇದ್ದಕ್ಕಿದ್ದಂತೆ ಇನ್ನೂ ವೇಗದ ಒಂದು ಚೆಂಡು ಬರುತ್ತಿತ್ತು. ಮಾಂಸಲವಲ್ಲದ ಆ ಸಣ್ಣ ಕೈಯೂ ಬಳುಕುವ ಮಣಿಕಟ್ಟೂ ಚಾಟಿಯಂತೆ ಬೀಸಿಬರುತ್ತಿದ್ದುದೇ ಈ ವೇಗಕ್ಕೂ ತಿರುವಿಗೂ ಕಾರಣವೆಂದು ಆಟವನ್ನು ಬಲ್ಲವರು ವಿವರಿಸುತ್ತ ಬಂದಿದ್ದಾರೆ. ತಮ್ಮ ಕೈಯಿಂದ ಹೊರಟ ಚೆಂಡು ಮುಂದೇನು ಮಾಡುವುದೆಂದು ಕೆಲವೊಮ್ಮೆ ಚಂದ್ರಶೇಖರರಿಗೇ ತಿಳಿಯುತ್ತಿರಲಿಲ್ಲವೆಂಬ ಮಾತೂ ಕ್ರಿಕೆಟ್ ವಲಯದಲ್ಲಿ ಪ್ರಚಲಿತವಾಗಿತ್ತು.

ಮೈಸೂರು ರಾಜ್ಯದ ತಂಡಕ್ಕೆ ಅವರು 1963–64ರ ಋತುವಿನಲ್ಲಿ ಪ್ರವೇಶಿಸಿದರು. ಅದೇ ಋತುವಿನಲ್ಲಿ, 1964ರ ಜನವರಿ 21ರಂದು ಮುಂಬಯಿಯಲ್ಲಿ ಇಂಗ್ಲೆಂಡಿನ ವಿರುದ್ಧ ಆರಂಭವಾದ ಟೆಸ್ಟ್ ಪಂದ್ಯದಲ್ಲಿ ಭಾರತ ತಂಡದ ಸದಸ್ಯರಾದರು. ಆಗ ಅವರ ವಯಸ್ಸು ಕೇವಲ ಹದಿನೆಂಟು. ಮೊದಲ ಇನ್ನಿಂಗ್ಸಿನಲ್ಲಿಯೇ ನಾಲ್ಕು ವಿಕೆಟ್ಟುಗಳನ್ನು ಪಡೆದರು. 1966ರ ಡಿಸೆಂಬರಿನಲ್ಲಿ ಅದೇ ನಗರದಲ್ಲಿ ಬಲಾಢ್ಯ ವೆಸ್ಟ್ ಇಂಡೀಸ್ ತಂಡದ ವಿರುದ್ಧ ಒಂದೇ ಪಂದ್ಯದಲ್ಲಿ ಹನ್ನೊಂದು ವಿಕೆಟ್ಟುಗಳನ್ನು ಗಳಿಸಿದರು. ಬೆಂಗಳೂರಿನವರೇ ಆದ ಎರಪಳ್ಳಿ ಪ್ರಸನ್ನ, ಪಂಜಾಬಿನ ಬಿಷನ್ ಸಿಂಗ್ ಬೇಡಿ, ಮದರಾಸಿನ ವೆಂಕಟರಾಘವನ್ ಇವರೊಡನೆ ಚಂದ್ರಶೇಖರರ ಹೆಸರೂ ಸೇರಿ, ‘ಸ್ಪಿನ್ ಚತುಷ್ಟಯ’ ಎಂಬ ಕೀರ್ತಿಯು ಹಬ್ಬಿತು. ಈ ನಾಲ್ವರೂ ಒಂದೇ ಟೆಸ್ಟ್ ಪಂದ್ಯದಲ್ಲಿ ಒಟ್ಟಾಗಿ ಆಡಿದ್ದು ಒಮ್ಮೆ ಮಾತ್ರ, 1967ರಲ್ಲಿ ಬರ್ಮಿಂಗ್‌ಹ್ಯಾಮ್ ನಗರದಲ್ಲಿ, ಎಂಬುದು ಕುತೂಹಲದ ಸಂಗತಿ.

ಏರಿದವರಿಗೆ ಇಳಿತವೂ ಉಂಟು. 1967–68ರ ಆಸ್ಟ್ರೇಲಿಯದ ಪ್ರವಾಸದಲ್ಲಿ ಗಾಯಗೊಂಡು ಅವರು ನಡುವಿನಲ್ಲಿಯೇ ಊರಿಗೆ ಮರಳಬೇಕಾಯಿತು. ಬಳಿಕ ಸ್ಕೂಟರ್ ಅಪಘಾತವೊಂದು ಅವರನ್ನು ಮತ್ತಷ್ಟು ಕಾಲ ಹಿಂದಕ್ಕೆ ತಳ್ಳಿತು. ಮೂರು ವರ್ಷಗಳಿಗೂ ಮಿಕ್ಕಿ ಟೆಸ್ಟ್ ಪಂದ್ಯಗಳಲ್ಲಿ ಅವರಿಗೆ ಸ್ಥಾನವಿರಲಿಲ್ಲ. 1971ರ ಆರಂಭದಲ್ಲಿ ವೆಸ್ಟ್ ಇಂಡೀಸಿಗೆ ಹೋಗಿ ಜಯಭೇರಿ ಹೊಡೆದ ಭಾರತ ತಂಡದಲ್ಲಿಯೂ ಅವರಿರಲಿಲ್ಲ. ಇನ್ನು ಇವರ ಕಾಲ ಮುಗಿಯಿತೆಂದು ಜನರು ಭಾವಿಸಲು ಇಷ್ಟು ಸಾಕಾಗಿತ್ತು. ಆದರೆ ಅದೇ ವರ್ಷದ ಬೇಸಗೆಯಲ್ಲಿ ಇಂಗ್ಲೆಂಡಿಗೆ ಹೊರಟ ತಂಡದಲ್ಲಿ ಅವರಿಗೆ ಪುನಃ ಕರೆ ಬಂದಿತು.

ಲಂಡನ್ ನಗರದ ಓವಲ್ ಮೈದಾನದಲ್ಲಿ ಆ ಸರಣಿಯ ಮೂರನೆಯ ಮತ್ತು ಕೊನೆಯ ಪಂದ್ಯವು ಆಗಸ್ಟ್ 19ರಂದು ಆರಂಭವಾಯಿತು. ಮೊದಲೆರಡು ಪಂದ್ಯಗಳು ನಿರ್ಣಯವಿಲ್ಲದೆ ಮುಗಿದಿದ್ದವು. ಭಾರತವು ಇಂಗ್ಲೆಂಡಿನ ನೆಲದಲ್ಲಿ ಮೊದಲ ಟೆಸ್ಟ್ ಆಡಿದ್ದು 1932ರಲ್ಲಿ. ಅಂದಿನಿಂದ 39 ವರ್ಷಗಳಲ್ಲಿ ಅಲ್ಲಿ ಒಂದು ಪಂದ್ಯವನ್ನಾದರೂ ಗೆದ್ದಿರಲಿಲ್ಲ. ಇಂಗ್ಲೆಂಡ್ 355 ರನ್ನು ಗಳಿಸಿತು. ಎರಡನೆಯ ದಿನವು ಮಳೆಗೆ ಆಹುತಿಯಾಯಿತು. ಭಾರತವು 284ಕ್ಕೆ ಮುಗಿದು 71 ರನ್ನು ಹಿಂದೆ ಉಳಿಯಿತು. ಸೋಲದೆ ಉಳಿದರೆ ಸಾಕೆಂಬ ಸ್ಥಿತಿ ಅದು.

ಆಗಸ್ಟ್ 23ರ ಸೋಮವಾರ ಇಂಗ್ಲೆಂಡಿನ ಎರಡನೆಯ ಇನ್ನಿಂಗ್ಸ್ ತೊಡಗಿತು. ದಾಂಡಿಗನೊಬ್ಬನು ನೇರವಾಗಿ ಹೊಡೆದ ಚೆಂಡು ಬೌಲ್ ಮಾಡುತ್ತಿದ್ದ ಚಂದ್ರಶೇಖರರ ಕೈಸೋಕಿ ಎದುರು ತುದಿಯ ವಿಕೆಟ್ಟಿಗೆ ಬಡಿಯಿತು. ಗೆರೆಯಿಂದ ಹೊರಗಿದ್ದ ಜೇಮ್ಸನ್ ರನೌಟಾದರು. ಅನಂತರ ಎಡಗೈ ದಾಂಡಿಗ ಜಾನ್ ಎಡ್ರಿಚ್ ಬಂದರು. ಆಗ ದಿಲೀಪ್ ಸರ್ದೇಸಾಯಿಯವರು ‘ಮಿಲ್ ರೀಫ್’ ಎಂದು ಕೂಗಿ ಸೂಚನೆಯಿತ್ತರಂತೆ. ಅದು ಆ ವರ್ಷ ಇಂಗ್ಲೆಂಡಿನ ಡರ್ಬಿಯನ್ನು ಗೆದ್ದ ಓಟದ ಕುದುರೆಯ ಹೆಸರು. ವೇಗದ ಚೆಂಡನ್ನು ಎಸೆಯೆಂಬುದು ಅದರ ಸಂಕೇತಾರ್ಥ. ಎಡ್ರಿಚ್ ದಾಂಡನ್ನು ಕೆಳಗಿಳಿಸುವ ಮೊದಲೇ ಚೆಂಡು ವಿಕೆಟ್ಟನ್ನು ಕೆಡವಿತ್ತು. ಮರುಚೆಂಡಿಗೇ ಫ್ಲೆಚರ್ ಅವರು ದಾಂಡಿನ ಬಳಿಯಲ್ಲೇ ನಿಂತಿದ್ದ ಏಕನಾಥ ಸೋಲ್ಕರರಿಗೆ ಕ್ಯಾಚಿತ್ತರು. ಮಧ್ಯಾಹ್ನದ ಊಟದ ತರುವಾಯವೂ ಕುಸಿತವು ನಿಲ್ಲಲಿಲ್ಲ. ಇಂಗ್ಲೆಂಡ್ ತಂಡವು ಬರೇ 101 ರನ್ನಿಗೆ ಮುಗಿಯಿತು. ಚಂದ್ರಶೇಖರರು 38 ರನ್ನು ಕೊಟ್ಟು ಆರು ವಿಕೆಟ್ಟುಗಳನ್ನು ಪಡೆದಿದ್ದರು.

ಮರುದಿನ ಆಗಸ್ಟ್ 24, ಗಣೇಶ ಚತುರ್ಥಿ. ಇಂಗ್ಲೆಂಡಿನಲ್ಲಿದ್ದ ಭಾರತೀಯ ಅಭಿಮಾನಿಗಳು ಮೃಗಾಲಯದಿಂದ ಬೆಲ್ಲಾ ಎಂಬ ಆನೆಯನ್ನು ಮೈದಾನಕ್ಕೆ ಕರೆತಂದಿದ್ದರು. ಗೆಲ್ಲಲು ಬೇಕಾದ 173 ರನ್ನುಗಳನ್ನು ನಾಯಕ ಅಜಿತ್ ವಾಡೇಕರ್, ಸರ್ದೇಸಾಯಿ, ನಮ್ಮ ಭದ್ರಾವತಿಯ ಜಿ. ಆರ್. ವಿಶ್ವನಾಥ್, ಫರೂಕ್ ಇಂಜಿನಿಯರ್ ಮೊದಲಾದವರು ತಾಳ್ಮೆಯಿಂದ ಕೂಡಿಸಿದರು. ಭಾರತವು ನಾಲ್ಕು ವಿಕೆಟ್ಟುಗಳಿಂದ ಪಂದ್ಯವನ್ನೂ ಸರಣಿಯನ್ನೂ ಗೆದ್ದುಕೊಂಡಿತು. ಆರು ವರ್ಷದಲ್ಲಿ ಸೊರಗಿದ ಕೈಯೇ ಇಪ್ಪತ್ತಾರನೆಯ ವಯಸ್ಸಿನಲ್ಲಿ ದೇಶಕ್ಕೆ ಆ ಗೆಲವಿನ ಬಾಗಿಲನ್ನು ತೆರೆದಿತ್ತು.

ಮಾನಸನ್ಮಾನಗಳು ತಾವಾಗಿಯೇ ಬಂದವು. 1972ರ ‘ವಿಸ್ಡನ್’ ವಾರ್ಷಿಕವು ಅವರನ್ನು ವರ್ಷದ ಐವರು ಶ್ರೇಷ್ಠ ಆಟಗಾರರಲ್ಲಿ ಒಬ್ಬರೆಂದು ಎಣಿಸಿತು; ಅದೇ ವರ್ಷ ಭಾರತ ಸರಕಾರವು ಪದ್ಮಶ್ರೀ ಪ್ರಶಸ್ತಿಯಿಂದ ಗೌರವಿಸಿತು. 1972–73ರಲ್ಲಿ ಇಂಗ್ಲೆಂಡ್ ತಂಡವು ಭಾರತಕ್ಕೆ ಬಂದಾಗ ಐದು ಪಂದ್ಯಗಳಲ್ಲಿ 35 ವಿಕೆಟ್ಟುಗಳನ್ನು ಪಡೆದರು. ದೆಹಲಿಯಲ್ಲಿ 79 ರನ್ನಿಗೆ ಎಂಟು ವಿಕೆಟ್ಟು ಅವರ ಅತ್ಯುತ್ತಮ ಸಾಧನೆ. ರಾಜ್ಯವು ಕರ್ನಾಟಕವೆಂದು ಹೊಸ ಹೆಸರು ತಳೆದ ಋತುವಾದ 1973–74ರಲ್ಲಿಯೇ ಪ್ರಸನ್ನರ ನಾಯಕತ್ವದ ಕರ್ನಾಟಕ ತಂಡವು, ಹದಿನೈದು ವರ್ಷ ಎಡೆಬಿಡದೆ ರಣಜಿ ಟ್ರೋಫಿಯನ್ನು ಗೆದ್ದಿದ್ದ ಮುಂಬಯಿ ತಂಡವನ್ನು ಸೋಲಿಸಿ ಟ್ರೋಫಿಯನ್ನು ಮೊದಲ ಬಾರಿಗೆ ತನ್ನದಾಗಿಸಿಕೊಂಡಿತು; ಆ ತಂಡದ ಆಧಾರಸ್ತಂಭಗಳಲ್ಲಿ ಚಂದ್ರಶೇಖರರೂ ಒಬ್ಬರು. 1974ರಲ್ಲಿ ಬೆಂಗಳೂರಿನಲ್ಲಿ ಮೊದಲ ಟೆಸ್ಟ್ ಆಡಿದ ವಿವಿಯನ್ ರಿಚರ್ಡ್ಸರನ್ನು ಎರಡು ಇನ್ನಿಂಗ್ಸುಗಳಲ್ಲಿಯೂ ಅಲ್ಪ ರನ್ನಿಗೆ ಔಟು ಮಾಡಿದವರು ಇವರೇ. 1977ರ ಡಿಸೆಂಬರ್ ಕೊನೆಯಲ್ಲಿ ಆರಂಭವಾದ ಮೆಲ್ಬರ್ನ್ ಪಂದ್ಯದಲ್ಲಿ ಎರಡು ಇನ್ನಿಂಗ್ಸುಗಳಲ್ಲಿಯೂ ಸರಿಯಾಗಿ 52 ರನ್ನಿಗೆ ಆರು ವಿಕೆಟ್ಟಿನಂತೆ ಒಟ್ಟು ಹನ್ನೆರಡನ್ನು ಗಳಿಸಿದರು. ಆಸ್ಟ್ರೇಲಿಯದ ನೆಲದಲ್ಲಿ ಭಾರತಕ್ಕೆ ದೊರೆತ ಮೊದಲ ಟೆಸ್ಟ್ ಜಯ ಅದು.

ಇಂಥವರು ದಾಂಡು ಹಿಡಿದಾಗ ಮಾತ್ರ ಪ್ರೇಕ್ಷಕರು ನಗುತ್ತಿದ್ದರು. 1979ರಲ್ಲಿ ಕೊನೆಯ ಟೆಸ್ಟ್ ಆಡುವ ಹೊತ್ತಿಗೆ, 58 ಪಂದ್ಯಗಳಲ್ಲಿ ಅವರು ಪಡೆದ ವಿಕೆಟ್ಟುಗಳು 242, ಹೊಡೆದ ರನ್ನುಗಳು 167! ಆಸ್ಟ್ರೇಲಿಯದಲ್ಲಿ ಅವರಿಗೆ ನಡುವೆ ತೂತಿರುವ ದಾಂಡೊಂದನ್ನು ವಿನೋದಕ್ಕಾಗಿ ಕಾಣಿಕೆಯಿತ್ತರು. ಅದನ್ನವರು ನಗುತ್ತಲೇ ಸ್ವೀಕರಿಸಿದರು. ಒಂದು ಕೆಲಸದಲ್ಲಿ ಪ್ರವೀಣನಾದವನು ಎಲ್ಲದರಲ್ಲಿಯೂ ಪ್ರವೀಣನಾಗಿರಬೇಕೆಂಬ ನಿಯಮವಿಲ್ಲ. ತನಗೆ ಬಾರದ್ದನ್ನು ಒಪ್ಪಿಕೊಂಡು ನಗಬಲ್ಲವನಿಗೆ, ಬರುವುದರಲ್ಲಿ ಮನಸ್ಸಿಡಲು ಬಿಡುವು ದೊರೆಯುತ್ತದೆ. ಗಣಿತದಲ್ಲಿ ಹಿಂದುಳಿದ ಮಗನನ್ನು ಎಲ್ಲದರಲ್ಲಿಯೂ ಹಿಂದುಳಿದವನೆಂದು ಎಣಿಸುವ ತಂದೆತಾಯಿಗಳು ಈ ಎರಡು ಸಂಖ್ಯೆಗಳನ್ನು ಜ್ಞಾಪಕದಲ್ಲಿಟ್ಟುಕೊಳ್ಳಲಿ.

ಆಟದಿಂದ ನಿವೃತ್ತರಾದ ಮೇಲೂ ಕಷ್ಟವು ಅವರನ್ನು ಬಿಡಲಿಲ್ಲ. 1991ರಲ್ಲಿ ಬೆಂಗಳೂರಿನಲ್ಲಿ ಲಾರಿಯೊಂದು ಬಡಿದು ಕಾಲಿಗೆ ತೀವ್ರವಾದ ಪೆಟ್ಟಾಯಿತು. ಆ ಬಳಿಕ ನಡೆಯಲು ಅವರಿಗೆ ಊರುಗೋಲಿನ ಆಸರೆ ಬೇಕಾಯಿತು. 2004ರಲ್ಲಿ ಭಾರತದ ಕ್ರಿಕೆಟ್ ಮಂಡಲಿಯು ಸಿ. ಕೆ. ನಾಯುಡು ಹೆಸರಿನ ಜೀವಮಾನದ ಪ್ರಶಸ್ತಿಯನ್ನಿತ್ತು ಗೌರವಿಸಿತು.

ಈ ಚರಿತ್ರೆಯಿಂದ ನಾವು ಕಲಿಯತಕ್ಕದ್ದೇನು? ಛಲವಿದ್ದರೆ ಯಾವ ಕುಂದೂ ಅಡ್ಡಿಯಲ್ಲವೆಂದು ಹೇಳಿ ಮುಗಿಸುವುದು ಸುಲಭ. ನಾವು ಹಾಗೆ ಹೇಳಲಾರೆವು. ಪೋಲಿಯೋದಿಂದ ಕೈಕಾಲು ಕಳೆದುಕೊಂಡ ಸಾವಿರಾರು ಮಕ್ಕಳಲ್ಲಿ ಛಲವಿದ್ದವರು ಎಷ್ಟೋ ಮಂದಿ, ಚಂದ್ರಶೇಖರರಾದವರು ಒಬ್ಬರೇ. ರೋಗವು ವರವಲ್ಲ. ಅದನ್ನು ತಡೆಯುವುದೇ ವಿವೇಕ. 1995ರಿಂದ ದೇಶದಾದ್ಯಂತ ನಡೆದ ಪಲ್ಸ್ ಪೋಲಿಯೋ ಕಾರ್ಯದ ಫಲವಾಗಿ, 2011ರ ಜನವರಿಯ ಅನಂತರ ಭಾರತದಲ್ಲಿ ಕಾಡು ಪೋಲಿಯೋ ವೈರಸ್ಸಿನ ರೋಗಿಯು ಕಂಡುಬರಲಿಲ್ಲ. 2014ರ ಮಾರ್ಚ್ 27ರಂದು ನಮ್ಮ ದೇಶವು ಪೋಲಿಯೋಮುಕ್ತವೆಂಬ ಪ್ರಮಾಣಪತ್ರವನ್ನು ಪಡೆಯಿತು. ರೋಗವು ಕಾಣದಾಯಿತೆಂದು ಹನಿ ಹಾಕಿಸುವುದನ್ನು ಬಿಡುವ ತಾಯಂದಿರು, ಅದು ಕಾಣದಾದದ್ದು ಆ ಹನಿಗಳಿಂದಲೇ ಎಂಬುದನ್ನು ಮರೆಯಬಾರದು.

ಹಾಗಾದರೆ ಪಾಠವು ಯಾವುದು? ಆ ಬಾಲಕನಿಗೆ ಬೀದಿಯ ಆಟದಲ್ಲಿ ಸ್ಥಳ ದೊರೆಯಿತೆಂಬುದೇ. ಕೈ ಹೀಗಿದೆ, ನೀನು ಕೂತು ನೋಡೆಂದು ಅವನನ್ನು ಬದಿಗಿರಿಸಿದ್ದರೆ, ಅವನ ಕೈಯಲ್ಲಿ ಏನಿತ್ತೆಂಬುದು ಅವನಿಗೂ ತಿಳಿಯುತ್ತಿರಲಿಲ್ಲ, ನಮಗೂ ತಿಳಿಯುತ್ತಿರಲಿಲ್ಲ. ಅಮೆರಿಕದ ಟೆನೆಸ್ಸೀ ಸೀಮೆಯ ವಿಲ್ಮಾ ರುಡಾಲ್ಫ್ ಎಂಬ ಬಡ ಬಾಲಕಿಗೂ ಪೋಲಿಯೋದಿಂದ ಎಡಗಾಲು ಸೋತಿತ್ತು. ತಾಯಿಯು ವಾರವಾರವೂ ಅವಳನ್ನು ಬಸ್ಸಿನಲ್ಲಿ ದೂರದ ನ್ಯಾಶ್‌ವಿಲ್ ನಗರದ ಆಸ್ಪತ್ರೆಗೆ ಕರೆದೊಯ್ದಳು. ಮನೆಮಂದಿ ಸರದಿಯಂತೆ ದಿನವೂ ಆ ಕಾಲನ್ನು ನೀವಿದರು. ಕಾಲಿಗೆ ಕಟ್ಟಿದ ಆಸರೆಯನ್ನು ಕಳಚಿದ ಬಳಿಕ ಅವಳು ಶಾಲೆಯ ಬಾಸ್ಕೆಟ್‌ಬಾಲ್ ತಂಡವನ್ನು ಸೇರಿದಳು. 1960ರ ರೋಮ್ ಒಲಿಂಪಿಕ್ಸಿನಲ್ಲಿ ಓಟದಲ್ಲಿ ಮೂರು ಸ್ವರ್ಣಪದಕಗಳನ್ನು ಗೆದ್ದಳು. ಮೈಸೂರಿನ ಬಾಲಕನಿಗೂ ಟೆನೆಸ್ಸೀಯ ಬಾಲಕಿಗೂ ಸಮಾನವಾದದ್ದು ಒಂದೇ: ಆಟದೊಳಗೆ ಸೇರುವ ಅವಕಾಶ.

ಪದಕಗಳ ಮಾತು ಹಾಗಿರಲಿ. ಸಂಗಡಿಗರೊಡನೆ ಆಡಿ ಬೆವರುವ ಸುಖವು ಪ್ರತಿಯೊಂದು ಮಗುವಿನ ಹಕ್ಕು. 2016ರ ವಿಕಲಚೇತನರ ಹಕ್ಕುಗಳ ಕಾಯ್ದೆಯು ಶಾಲೆಗಳಲ್ಲಿ ಇಂಥ ಮಕ್ಕಳಿಗೆ ಪಾಠದಲ್ಲಿ ಮಾತ್ರವಲ್ಲದೆ ಕ್ರೀಡೆಯಲ್ಲಿಯೂ ಇತರರೊಡನೆ ಸಮಾನವಾದ ಅವಕಾಶವಿರಬೇಕೆಂದು ವಿಧಿಸಿದೆ. ಕಾಯ್ದೆಯನ್ನು ಓದಿಯೇ ನಡೆಯಬೇಕಾದ ವಿಷಯವೂ ಇದಲ್ಲ. ಓಡಲಾರದವನಿಗಾಗಿ ಇನ್ನೊಬ್ಬನು ರನ್ನು ಓಡಬಹುದು. ಕೈಯೆತ್ತಲಾರದವಳು ಕೆಳಗಿನಿಂದ ಚೆಂಡೆಸೆಯಬಹುದು. ದೃಷ್ಟಿ ಮಂದವಾದವನಿಗೆ ಗೆಜ್ಜೆಯ ಸದ್ದಿರುವ ಚೆಂಡನ್ನು ತರಿಸಬಹುದು. ನಿಯಮಗಳನ್ನು ಮಕ್ಕಳೇ ಮಾಡಿಕೊಳ್ಳಬಲ್ಲರು; ಗದ್ದೆಯ ಆಟದಲ್ಲಿ ಅವರು ದಿನವೂ ಮಾಡಿಕೊಳ್ಳುತ್ತಿರುವುದೂ ಅದನ್ನೇ.

ತಂದೆತಾಯಿಗಳಲ್ಲಿ ನಮ್ಮದೊಂದು ವಿಜ್ಞಾಪನೆ. ಶಾಲೆಯ ಕ್ರೀಡೋತ್ಸವದ ದಿನ ಇಂಥ ಮಕ್ಕಳನ್ನು ಮನೆಯಲ್ಲಿ ಉಳಿಸಿಕೊಳ್ಳದೆ ಅವಶ್ಯವಾಗಿ ಕಳುಹಿಸಿರಿ. ಬಿದ್ದಾರೆಂಬ ಅಂಜಿಕೆಯು ಸಹಜ. ಬೀಳದೆ ಆಡಿದ ಮಗು ಯಾವುದು? ವಿದ್ಯಾರ್ಥಿಗಳಲ್ಲಿಯೂ ಒಂದು ಮಾತು: ನಾಳೆ ತಂಡಗಳನ್ನು ವಿಂಗಡಿಸುವಾಗ, ಕೊನೆಗೆ ಯಾರೂ ಕರೆಯದೆ ಉಳಿಯುವ ಸಂಗಡಿಗನನ್ನು ಮೊದಲು ಕರೆಯಿರಿ, ಚೆಂಡನ್ನು ಅವನ ಕೈಗೆ ಕೊಡಿರಿ. ಅದನ್ನು ಹೇಗೆ ಎಸೆಯಬೇಕೆಂಬುದನ್ನು ಅವನು ತಾನೇ ಕಂಡುಕೊಳ್ಳಲಿ.